ಗೇಟಿನ ಬಳಿ ನಿಂತ ಎತ್ತುಗಳು

ಕಡಲೆಕಾಯಿ ಸುಗ್ಗಿ. ಪಿಳ್ಳಪ್ಪ ಮೂಟೆ ಹೇರಿದ ಗಾಡಿಯಲ್ಲಿ ಮಂಡಿಗೆ ಹೊರಟಿದ್ದ. ಜೊತೆಗೆ, ತಾಯಿಯ ತವರಲ್ಲಿ ಬೆಳೆದು ಮೊನ್ನೆಯಷ್ಟೇ ಊರಿಗೆ ಬಂದ ಅಣ್ಣನ ಮಗ ಮುನಿರಾಜು. ಪಾಳುಬಿದ್ದ ಸ್ಟೇಷನ್ನಿನ ಪಕ್ಕ, ಹಿಂದೆ ರೈಲ್ವೆ ಗೇಟಿದ್ದ ಜಾಗದಲ್ಲಿ ಎತ್ತುಗಳು ಗಕ್ಕನೆ ನಿಂತವು.

"ಹರಾಜು ತಪ್ಪಿಹೋಗುತ್ತೆ ಚಿಕ್ಕಪ್ಪಾ!" ಮುನಿರಾಜು ಚಾವಟಿ ಎತ್ತಿದ.

ಪಿಳ್ಳಪ್ಪ ಅವನ ಕೈ ಹಿಡಿದ. "ಹೊಡೀಬೇಡ್ವೋ. ನಿಮ್ಮಪ್ಪ ಹಿಂಗೇ ಅವಸರಪಟ್ಟು ಇಲ್ಲೇ ರೈಲಿಗೆ ಸಿಕ್ಕಿದ್ದು. ಹತ್ತು ಗಂಟೆ ರೈಲು ಹೋಗಲಿ."

"ಯಾವ ರೈಲು? ಹಳಿ ಕಿತ್ತೇ ಇಪ್ಪತ್ತು ವರ್ಷ ಆಯ್ತಲ್ಲ! ಎತ್ತಿಗೆ ಹಳೇ ಅಭ್ಯಾಸ ಅಂತ ನೀನೂ ನಿಲ್ತೀಯಾ?"

ಗಾಳಿ ನಿಂತಿತು. ಎತ್ತುಗಳು ಎಡದಿಂದ ಬಲಕ್ಕೆ ನಿಧಾನವಾಗಿ ಕತ್ತು ತಿರುಗಿಸಿ ಏನನ್ನೋ ನೋಡಿದವು. ಆಮೇಲೆ ತಾವಾಗಿಯೇ ಹೊರಟವು.

"ಅಭ್ಯಾಸ ಎಲ್ಲೀದಪ್ಪಾ?" ಎಂದ ಪಿಳ್ಳಪ್ಪ. "ಇವು ಹುಟ್ಟಿ ನಾಲ್ಕೇ ವರ್ಷ."