ಮೂವತ್ತೆಂಟನೆಯ ಸಾವು

ಗಲ್ಫಿನ ವಫ್ರಾ ಮರುಭೂಮಿಯ ಮರಳಲ್ಲಿ ಹೆಣವಾಗಿ ಮಲಗಿದ್ದ ತುವಾನ್, ನಿರ್ದೇಶಕ "ಶಾಟ್ ಓಕೆ, ಖಲಾಸ್" ಎಂದರೂ ಏಳಲಿಲ್ಲ. ವಿಯೆಟ್ನಾಮಿನಲ್ಲಿ ಹುಟ್ಟಿದ ಅವನು ಯುರೋಪಿನ ಸಿನಿಮಾಗಳಲ್ಲಿ ಅಡುಗೆಯವನಾಗಿ, ಕಳ್ಳಸಾಗಣೆದಾರನಾಗಿ ಸಾಯುತ್ತಲೇ ಮುದುಕನಾಗಿದ್ದ. ಇದು ಮೂವತ್ತೆಂಟನೆಯ ಸಾವು. ಸೋಮವಾರ ಪ್ಯಾರಿಸ್ಸಿನಲ್ಲಿ ಹೃದಯದ ಆಪರೇಷನ್ ಇದ್ದುದರಿಂದ ಈ ಸಲ ಮಾತ್ರ ನಿಜಕ್ಕೂ ಹೆದರಿದ್ದ.

ಲೈಟು ಹಿಡಿದಿದ್ದ ಮಂಗಳೂರಿನ ಸುಕುಮಾರ ಕ್ಯಾಮೆರಾದವನನ್ನು ತಡೆದ. "ಬಂದ್ ಮಾಡ್ಬೇಡಿ ಭಾಯಿ," ಎಂದು ತುವಾನ್‌ನತ್ತ ತಿರುಗಿದ. "ಸರ್, ಒಮ್ಮೆ ಕ್ಯಾಮೆರಾ ನೋಡಿ ನಗಾಡಿ. ಹೆಣದ ಪಾರ್ಟು ಮಾಡಿದವರನ್ನು ನಗಿಸದೆ ಕಳಿಸುವ ಕ್ರಮ ನಮ್ಮಲ್ಲಿಲ್ಲ. ಆಯುಷ್ಯದ ಪ್ರಶ್ನೆ ಮಾರಾಯ್ರೆ."

ತುವಾನ್ ನಕ್ಕ. ಎದೆಯ ಮೇಲಿದ್ದ ಮರಳು ಕುಲುಕಿ ಉದುರಿತು. "ಹಿಂದಿನ ಮೂವತ್ತೇಳಕ್ಕೆ ಯಾರೂ ನಗಿಸಿರಲಿಲ್ಲ," ಎಂದ. "ಅವನ್ನೂ ಸೇರಿಸಿ ನಗಬಹುದಾ?"

"ನಗಾಡಿ ಸರ್," ಸುಕುಮಾರ ಇನ್ನಷ್ಟು ಹತ್ತಿರ ಬಂದ. "ನೀವು ನಿಲ್ಲಿಸುವವರೆಗೆ ನಾನು ಲೈಟು ಆಫ್ ಮಾಡುವುದಿಲ್ಲ."