ಪುದೀನಾ ಹಾಕುವ ಹೊತ್ತು

ಲೈಟರ್ ಒತ್ತಲು ಹೊರಟಿದ್ದ ಅತ್ತೆಯ ಮಣಿಕಟ್ಟನ್ನು ಉಮಾಶ್ರೀ ಹಿಂದಿನಿಂದ ಬಂದು ಗಟ್ಟಿಯಾಗಿ ಹಿಡಿದುಕೊಂಡಳು.

"ಬ್ಯಾಡ್ರಿ ಅತ್ತಿ. ಅದನ್ನ ಕೆಳಗ ಇಡ್ರಿ."

ಅಡುಗೆಮನೆಯ ತುಂಬ ಗ್ಯಾಸಿನ ವಾಸನೆ ತುಂಬಿತ್ತು. ಹಾಲು ಉಕ್ಕಿ ಒಲೆಯ ಬೆಂಕಿ ಆರಿಹೋಗಿತ್ತು, ಗ್ಯಾಸು ಮಾತ್ರ ಬರುತ್ತಲೇ ಇತ್ತು. ಅತ್ತೆ ಸುಂದರಬಾಯಿ ಅದೇ ಒಲೆಗೆ ಬೆನ್ನು ಮಾಡಿ ಕೂತು ಇಷ್ಟು ಹೊತ್ತು ಹಸಿ ಬಟಾಣಿ ಸುಲಿದಿದ್ದಳು. ಈಗ ಪಲ್ಯಕ್ಕೆ ಕಡಾಯಿ ಇಡಲು ಎದ್ದಿದ್ದಳು. ಉಮಾಶ್ರೀ ಒಲೆ ಬಂದ್ ಮಾಡಿ, ಸಿಲಿಂಡರಿನ ರೆಗ್ಯುಲೇಟರ್ ತಿರುಗಿಸಿ, ಕಿಟಕಿ, ಹಿತ್ತಲ ಬಾಗಿಲು ಎಲ್ಲ ತೆರೆದು, ಅತ್ತೆಯನ್ನು ತೋಳು ಹಿಡಿದು ಹೊರಗೆ ಕರೆತಂದಳು. ಮಾಳಿಗೆಯ ಮೇಲೆ ಒಣಗಿದ ಬಟ್ಟೆ ತೆಗೆಯುತ್ತ ತಾನು ಇನ್ನಷ್ಟು ಹೊತ್ತು ನಿಂತಿದ್ದರೆ ಏನಾಗುತ್ತಿತ್ತು ಎಂಬುದು ಆಮೇಲೆ ಹೊಳೆಯಿತು. ಬಟ್ಟೆ ಒಗೆಯುವ ಕಲ್ಲಿನ ಮೇಲೆ ಕೂತುಬಿಟ್ಟಳು.

"ಅಷ್ಟು ವಾಸನಿ ಹೊಡಿಲಿಕತ್ತಿತ್ತು. ನಿಮಗ ಗೊತ್ತಾಗಲಿಲ್ಲೇನ್ರಿ?"

 ಸುಂದರಬಾಯಿ ಸೆರಗಿಗೆ ಕೈ ಒರೆಸಿಕೊಂಡಳು.

"ಇಲ್ಲ. ನನಗ ವಾಸನಿ ಹತ್ತಲ್ಲ. ಮಳಿಗಾಲದಾಗ ಜ್ವರ ಬಂದಿತ್ತಲ್ಲ, ಆವಾಗಿಂದ."

ಬೀದರಿನ ನೌಬಾದದ ಆ ಓಣಿಯಲ್ಲಿ ಯಾರ ಮನೆಯಲ್ಲಿ ಕಾರ್ಯವಿದ್ದರೂ ಸುಂದರಬಾಯಿಗೆ ಕರೆ ಬರುತ್ತಿತ್ತು. ಲಿಂಗಕ್ಕೆ ಎಡೆ ತೋರಿಸುವ ಮೊದಲು ಅಡುಗೆಯನ್ನು ನಾಲಿಗೆಗೆ ಹಚ್ಚುವಂತಿರಲಿಲ್ಲ. ಅವಳು ಮುಚ್ಚಳ ಸರಿಸಿ, ಆವಿಗೆ ಮುಖ ಕೊಟ್ಟು, ಉಪ್ಪು ಸಾಕೋ ಬೇಕೋ ಹೇಳುತ್ತಿದ್ದಳು. ತಪ್ಪಿದ್ದು ಕಡಿಮೆ. ಉಮಾಶ್ರೀ ಸೊಸೆಯಾಗಿ ಬಂದಾಗಿನಿಂದ ಅವಳ ಪ್ರತಿ ಸಾರೂ ಪ್ರತಿ ಪಲ್ಯವೂ ಆ ಮೂಗಿನ ಕೆಳಗೆ ಹಾದು ಬೈಸಿಕೊಂಡಿತ್ತು. ಕೆಲವು ತಿಂಗಳಿಂದ ಬೈಗುಳ ನಿಂತಿತ್ತು.

"ಯಾಕ ಹೇಳಲಿಲ್ರಿ? ನಾ ಏನೋ ತಪ್ಪು ಮಾಡೀನಿ, ಸಿಟ್ಟಿನಾಗ ಮಾತು ಬಿಟ್ಟೀರಿ ಅಂತ ತಿಳಕೊಂಡಿದ್ದೆ."

"ಹೇಳಿದ್ರ ನನ್ನ ಒಲಿ ಮುಂದ ನಿಲ್ಲಲಿಕ್ಕ ಬಿಡ್ತಿದ್ರೇನು? ಒಂದು ಮೂಲಿಗೆ ಕುಂದ್ರಸ್ತಿದ್ರಿ." ಸುಂದರಬಾಯಿ ಒಳಗಿನ ಒಲೆಯ ಕಡೆ ನೋಡಿದಳು. "ಅವಿನಾಶಗ ಹೇಳಬ್ಯಾಡ. ನನ್ನ ಮಗ ಹ್ಯಾಂಗ ಅಂತ ನನಗ ಗೊತ್ತದ. ನಾಳಿನೇ ಅಡಗಿಯಾಕಿನ್ನ ಕರಕೊಂಡು ಬರ್ತಾನ."

ಉಮಾಶ್ರೀ ಊಟದ ಹೊತ್ತು ನೆನೆದು ಎದ್ದಳು. ಸುಂದರಬಾಯಿಯ ನಾದಿನಿ ಜಗದೇವಿ ಚಿಂತಾಕಿ ಹಳ್ಳಿಯಿಂದ ಬೀದರಿಗೆ ಬಂದವಳು, ಊಟಕ್ಕೆ ಬರುತ್ತೇನೆಂದು ಆಗಲೇ ಫೋನ್ ಮಾಡಿದ್ದಳು. ಚಪಾತಿ, ಬೇಳೆ ಆಗಿದ್ದವು. ಪಲ್ಯ ಒಂದು ಬಾಕಿ. ಗಾಳಿ ಆಡಿ ವಾಸನೆ ಪೂರ್ತಿ ಹೋದ ಮೇಲೆ ಉಮಾಶ್ರೀ ತಾನೇ ಮೊದಲು ಒಳಗೆ ಹೋಗಿ, ಮೂಗೆಳೆದು ನೋಡಿ, ಒಲೆ ಹೊತ್ತಿಸಿದಳು. ಎಣ್ಣೆ, ಜೀರಿಗೆ, ಹಸಿಮೆಣಸಿನಕಾಯಿ, ಜಜ್ಜಿದ ಬೆಳ್ಳುಳ್ಳಿ. ಸುಂದರಬಾಯಿ ಮೆಲ್ಲಗೆ ಬಂದು ಪಕ್ಕದಲ್ಲಿ ನಿಂತಳು.

"ಬೆಳ್ಳುಳ್ಳಿ ಹ್ಯಾಂಗ ಅದ?"

"ಹಸಿ ವಾಸನಿ ಹೋಗ್ಯಾದ್ರಿ. ಇನ್ನಾ ಸೀದಿಲ್ಲ."

"ಹಂಗಾದ್ರ ವಟಾಣಿ ಹಾಕು. ಜರಾ ನೀರು ಚಿಮುಕಿಸಿ ಮುಚ್ಚಿಡು."

ಬಟಾಣಿ ಬೇಯುವವರೆಗೆ ಉಮಾಶ್ರೀ ಸೊಪ್ಪು ಹೆಚ್ಚಿದಳು. ಮುಚ್ಚಳ ತೆಗೆದಾಗ ಸುಂದರಬಾಯಿ ರೂಢಿಯಂತೆ ಆವಿಗೆ ಬಗ್ಗಿದಳು. ಸ್ವಲ್ಪ ಹೊತ್ತು ಹಾಗೇ ಇದ್ದು ಹಿಂದೆ ಸರಿದಳು.

"ನೀ ನೋಡಿ ಹೇಳು. ಉಪ್ಪು?"

"ಉಪ್ಪು ನನಗ ವಾಸನಿ ಮ್ಯಾಲ ತಿಳಿಯಲ್ರಿ."

"ತಿಳೀತದ. ಕಮ್ಮಿ ಇದ್ರ ವಟಾಣಿ ಆವಿ ಸಿಹಿ ಬರ್ತದ. ಮತ್ತೊಮ್ಮಿ ನೋಡು, ಗಡಿಬಿಡಿ ಮಾಡಬ್ಯಾಡ."

ಉಮಾಶ್ರೀ ಕಣ್ಣು ಮುಚ್ಚಿ ಮತ್ತೆ ಬಗ್ಗಿದಳು. "ಸಿಹಿನೇ ಅದ್ರಿ," ಎಂದು ಚಿಟಿಕೆ ಉಪ್ಪು ಹಾಕಿದಳು. ಸಣ್ಣಗೆ ಹೆಚ್ಚಿದ ಸಬ್ಬಸಿಗೆ, ಕೊತ್ತಂಬರಿ ಹಾಕಿ ತಿರುವಿದಳು. ಪುದೀನಾ ಎತ್ತಿಕೊಂಡಾಗ ಸುಂದರಬಾಯಿ ಕೈ ಅಡ್ಡ ತಂದಳು.

"ಒಲಿ ಬಂದ್ ಮಾಡು ಮೊದಲ. ಬೆಂಕಿ ಮ್ಯಾಲ ಹಾಕಿದ್ರ ಕಹಿ ಆಗ್ತದ."

ಉಮಾಶ್ರೀ ಹಾಗೇ ಮಾಡಿದಳು. ಬಿಸಿಗೆ ಎಲೆ ಬಾಡಿ ಘಮ್ಮೆಂದಿತು.

"ಬಂತೇನು?" ಸುಂದರಬಾಯಿ ಕೇಳಿದಳು.

"ಬಂತ್ರಿ."

ಜಗದೇವಿ ಎರಡನೇ ಚಪಾತಿಗೆ ಮತ್ತೆ ಪಲ್ಯ ಹಾಕಿಸಿಕೊಂಡಳು. "ವೈನಿ, ನಿಮ್ಮ ಕೈರುಚಿ ಎಲ್ಲೂ ಹೋಗಿಲ್ಲ ನೋಡ್ರಿ," ಎಂದು ಅತ್ತಿಗೆಗೆ ಹೇಳಿದಳು. ಅವಳ ಎಡಗಡೆ ಕೂತಿದ್ದ ಉಮಾಶ್ರೀ ತನ್ನ ತಾಟಿನಿಂದ ತಲೆ ಎತ್ತಲಿಲ್ಲ.

"ನಾ ಅಲ್ಲ, ಉಮಾ ಮಾಡ್ಯಾಳ," ಎಂದಳು ಸುಂದರಬಾಯಿ. ತುತ್ತು ನುಂಗಿ, ತಗ್ಗಿದ ದನಿಯಲ್ಲಿ ಮುಂದುವರಿಸಿದಳು: "ನನ್ನ ಮೂಗು ಹೋಗ್ಯಾದ ಜಗದೇವಿ. ಇವತ್ತು ಗ್ಯಾಸ್ ಸೋರಿದ್ದೂ ತಿಳೀಲಿಲ್ಲ."

"ಏನಂದ್ರಿ?" ಜಗದೇವಿ ಮುಖ ತುಸು ಹೊರಳಿಸಿ ಕಿವಿ ಕೊಟ್ಟಳು.

ಸುಂದರಬಾಯಿ ಅದನ್ನೇ ದೊಡ್ಡದಾಗಿ ಹೇಳಬೇಕಾಯಿತು. ಜಗದೇವಿ ಕೈಯಲ್ಲಿದ್ದ ತುತ್ತನ್ನು ತಾಟಿಗೆ ಇಳಿಸಿದಳು. ಬಾಗಿಲ ಕಡೆ ನೋಡಿ, ಯಾರೂ ಇಲ್ಲವೆಂದು ಖಾತ್ರಿಯಾದ ಮೇಲೆ ಮಾತಾಡಿದಳು.

"ನನಗ ಎಡಗಿವಿ ಕೇಳ್ಸಲ್ರಿ ವೈನಿ. ಭಾಳ ದಿನ ಆತು. ಈಗ ಕಿವಿ ಡಾಕ್ಟರ್ ಕಡಿಂದನೇ ಬಂದೀನಿ. ಮನ್ಯಾಗ ಬ್ಯಾಂಕಿಗೆ ಹೋಗ್ತೇನಿ ಅಂತ ಹೇಳೀನಿ."

 ಉಮಾಶ್ರೀ ತಾಟು ಎತ್ತಿಕೊಂಡು ಎದ್ದಳು. ಜಗದೇವಿಯನ್ನು ಬಳಸಿ ಬಂದು ಅವಳ ಬಲಗಡೆ ಕೂತಳು.