ಬಂದೂಕು ಒಲ್ಲೆನೆಂದ ಸೈನಿಕ

ಫೈರಿಂಗ್ ರೇಂಜ್‌ನಲ್ಲಿ ಮಿಲಿಂದನ ಗುರಿ ತಪ್ಪಿದ್ದನ್ನು ಬೆಟಾಲಿಯನ್‌ನಲ್ಲಿ ಯಾರೂ ನೋಡಿರಲಿಲ್ಲ...

ಬೀದರ್ ಜಿಲ್ಲೆಯ ಹುಮನಾಬಾದ್ ಹತ್ತಿರದ ಹಳ್ಳಿಯವನು. ವಯಸ್ಸು ಇಪ್ಪತ್ತಾರು. ಅಪ್ಪ ಮಾರುತಿರಾವ್ ಕೂಡ ಸೈನ್ಯದಲ್ಲಿದ್ದು ಹವಾಲ್ದಾರ್ ಆಗಿ ರಿಟೈರ್ ಆದವರು.

ಮಗ ಶೂಟಿಂಗ್‌ನಲ್ಲಿ ಗೆದ್ದ ಮೆಡಲ್‌ಗಳನ್ನು ಮನೆಗೆ ಬಂದವರಿಗೆಲ್ಲ ತೋರಿಸುವುದೇ ಅವರಿಗೆ ದೊಡ್ಡ ಕೆಲಸ!

ಅಂದು ಬುದ್ಧ ಪೂರ್ಣಿಮೆ. ರಜೆಗೆ ಬಂದಿದ್ದ ಮಿಲಿಂದ ಅವ್ವನ ಜೊತೆ ಊರಿನ ಬುದ್ಧವಿಹಾರಕ್ಕೆ ಹೋದ. ಅಪ್ಪ ಎಂದಿನಂತೆ ಬರಲಿಲ್ಲ. ಅವರು ವಿಹಾರದ ಮೆಟ್ಟಿಲು ಹತ್ತಿದ್ದನ್ನು ಅವನು ಕಂಡೇ ಇರಲಿಲ್ಲ.

ವಿಹಾರದ ಭಿಕ್ಷು ಭಂತೇಜಿಗೆ ಶೀತವಾಗಿ ಗಂಟಲು ಕಟ್ಟಿತ್ತು. "ಇವತ್ತು ಪಂಚಶೀಲ ನೀನೇ ಹೇಳಿಕೊಡಪ್ಪ" ಎಂದು ಪಿಸುಗುಟ್ಟಿದರು.

ಚಿಕ್ಕಂದಿನಿಂದ ಮಗ್ಗಿಯಂತೆ ಬಾಯಿಪಾಠ... ಅದರಲ್ಲೇನಿದೆ? ಬಿಳಿ ಬಟ್ಟೆ ತೊಟ್ಟ ನೂರಾರು ಜನರ ಮುಂದೆ ಮಿಲಿಂದ ಕೈಮುಗಿದು ನಿಂತ.

"ಯಾವ ಜೀವವನ್ನೂ ಕೊಲ್ಲುವುದಿಲ್ಲ..."

ಅಷ್ಟೂ ಜನ ಅದನ್ನೇ ಹೇಳಿದರು. ಮುದುಕರ ದನಿ, ಹೆಂಗಸರ ದನಿ, ಮಕ್ಕಳ ತೊದಲು ದನಿ... ಎಲ್ಲವೂ ಒಟ್ಟಿಗೆ.

ಮಿಲಿಂದ ಆ ಮುಖಗಳನ್ನು ನೋಡಿದ. ಇವರೆಲ್ಲ ನನ್ನ ಬಾಯಿಂದ ಕೇಳಿ ಹೇಳುತ್ತಿದ್ದಾರೆ... ಹೇಳಿಕೊಡುತ್ತಿರುವ ನಾನು ಯಾರು?

ಎರಡನೆಯ ಶೀಲ ಬಾಯಿಂದ ಹೊರಡಲೇ ಇಲ್ಲ. ಕೊನೆಗೆ ಅವ್ವನೇ ಮುಂದುವರಿಸಬೇಕಾಯಿತು.

ಉಳಿದ ರಜೆಯೆಲ್ಲ ಅವನು ದಿನಾ ವಿಹಾರಕ್ಕೆ ಹೋಗಿ ಸುಮ್ಮನೆ ಕಣ್ಣುಮುಚ್ಚಿ ಕೂತ. ಭಂತೇಜಿ "ನೌಕರಿ ಬಿಡು" ಎನ್ನಲಿಲ್ಲ, "ಮಾಡು" ಎನ್ನಲೂ ಇಲ್ಲ.

ಯೂನಿಟ್‌ಗೆ ಮರಳಿದವನೇ ಕಮಾಂಡಿಂಗ್ ಆಫೀಸರ್ ಮುಂದೆ ನಿಂತ.

"ಸಾಹೇಬರೇ, ಇನ್ನು ನಾನು ಬಂದೂಕು ಹಿಡಿಯಲಾರೆ."

ಅವರು ನಂಬಲಿಲ್ಲ. "ಮುಂದಿನ ತಿಂಗಳು ಗಡಿಗೆ ಹೋಗಬೇಕಲ್ಲ, ಅದಕ್ಕೇ ಭಯವಾ?"

"ಗಡಿಗೆ ನನ್ನನ್ನೇ ಮೊದಲು ಕಳಿಸಿ ಸಾಹೇಬರೇ. ಗುಂಡಿನ ನಡುವೆ ಹೋಗಿ ಗಾಯಾಳುಗಳನ್ನು ಹೊತ್ತು ತರುತ್ತೇನೆ. ಕೊಲ್ಲುವುದು ಮಾತ್ರ ನನ್ನಿಂದಾಗದು."

"ಇದಕ್ಕೆ ಶಿಕ್ಷೆ ಆಗುತ್ತೆ, ಗೊತ್ತಾ?"

"ಗೊತ್ತು ಸಾಹೇಬರೇ."

ವಿಷಯ ಮನೆಗೆ ಮುಟ್ಟಿತು. ಅಪ್ಪ ಫೋನಿನಲ್ಲಿ ಸಿಡಿದರು. "ಊರಾಗ ನನ್ನ ಮಾನ ಕಳದಿ! ಈ ಕಡಿ ಬರಬ್ಯಾಡ ನೀ!"

ಇಪ್ಪತ್ತೆಂಟು ದಿನ ಲಾಕಪ್... "ಬುದ್ಧ ಭಗವಾನ್ ಬಂದ್ರು, ದಾರಿ ಬಿಡಿ!" ಎಂದು ಜೊತೆಯವರು ನಕ್ಕರು. ಅವನು ಪಾತ್ರೆ ತಿಕ್ಕಿದ, ಕಲ್ಲು ಹೊತ್ತ. ವಿಚಿತ್ರವೆಂದರೆ, ಇಷ್ಟು ಹಗುರವಾದ ಮನಸ್ಸು ಅವನಿಗೆ ಹಿಂದೆಂದೂ ಇರಲಿಲ್ಲ!

ಶಿಕ್ಷೆ ಮುಗಿದ ಮೇಲೆ ಸೇವೆಯಿಂದ ಬಿಡುಗಡೆಯ ಆದೇಶವೂ ಬಂತು. ಹೊರಡುವ ದಿನ ಗೇಟಿನ ತನಕ ಬಂದವರು ಒಬ್ಬರೇ... ಅದೇ ಆಫೀಸರ್.

"ಕಾನೂನಿನ ಪ್ರಕಾರ ನೀನು ತಪ್ಪು ಮಾಡಿದೆ. ಆದರೆ ಯಾರಾದರೂ ನಿನ್ನನ್ನು ಹೇಡಿ ಅಂದರೆ, ನನಗೆ ಫೋನ್ ಮಾಡಿಸು" ಎಂದು ಕೈಕುಲುಕಿದರು.

ಎರಡು ದಿನದ ಪ್ರಯಾಣ. ಅಪ್ಪ ಬಾಗಿಲು ಹಾಕಿಕೊಂಡರೆ? ಬರುವ ದಿನವನ್ನು ಅವ್ವನಿಗೆ ಮಾತ್ರ ತಿಳಿಸಿದ್ದ...

ಊರ ಸ್ಟಾಪಿನಲ್ಲಿ ಬಸ್ಸಿಳಿದರೆ ಬ್ಯಾಂಡ್ ಬಾರಿಸುತ್ತಿದ್ದಾರೆ! ಯಾರದೋ ಮದುವೆ ಇರಬೇಕೆಂದುಕೊಂಡು ಪಕ್ಕಕ್ಕೆ ಸರಿದ.

ಬ್ಯಾಂಡಿನವರ ಮುಂದೆ ಒಬ್ಬ ಮುದುಕ ಎರಡೂ ಕೈ ಮೇಲೆತ್ತಿ ಕುಣಿಯುತ್ತಿದ್ದಾನೆ... ಕೈಯಲ್ಲಿ ಚೆಂಡುಹೂವಿನ ದೊಡ್ಡ ಹಾರ...

ಅದು ಅಪ್ಪ!

ಮಾರುತಿರಾವ್ ಕುಣಿತ ನಿಲ್ಲಿಸಿದರು. ನೇರ ಬಂದು ಮಗನ ಕೊರಳಿಗೆ ಹಾರ ಹಾಕಿ, ಹಿಂದೆ ಸರಿದು, ಸೆಲ್ಯೂಟ್ ಹೊಡೆದರು.

"ಅಪ್ಪಾ... ಇದೇನು?"

"ನೀ ತೊಟ್ಟಲದಾಗಿದ್ದಾಗ ಯುದ್ಧ ಆಗಿತ್ತು ಮಗಾ" ಎಂದರು. ಬ್ಯಾಂಡಿನ ಸದ್ದು ತಾನಾಗಿಯೇ ನಿಂತಿತು. "ನನ್ನ ಗುಂಡು ತಾಗಿ ಒಬ್ಬ ಹುಡುಗ ಬಿದ್ದ. ಮೀಸಿ ಸುದಾ ಬಂದಿದ್ದಿಲ್ಲ ಅವಂಗ. ನೀರು ಅಂದ... ನಾನೇ ಕುಡಿಸಿದೆ. ನನ್ನ ತೊಡಿ ಮ್ಯಾಲೇ ಹೋದ."

ಅಪ್ಪ ಅಂಗೈಯಿಂದ ಮುಖ ಒರೆಸಿಕೊಂಡರು.

"ಅವತ್ತಿನಿಂದ ವಿಹಾರಕ್ಕ ಹೋಗಿಲ್ಲ. 'ಕೊಲ್ಲಂಗಿಲ್ಲ' ಅಂತ ಯಾವ ಬಾಯಿಲೆ ಅನ್ಲಿ? ಇನ್ನ ಆಗಲ್ಲ ಸಾಹೇಬ್ರ ಅಂತ ಹೇಳಬೇಕಂತ ಸಾವಿರ ಸಲ ಅಂದ್ಕೊಂಡೆ... ಧೈರ್ಯ ಆಗಲಿಲ್ಲ. ನೀ ಹೇಳಿದಿ ನೋಡು! ನಿನ್ನ ಮ್ಯಾಲ ಸಿಟ್ಟಲ್ಲ ಮಗಾ, ನನ್ನ ಮ್ಯಾಲೇ ಸಿಟ್ಟಿತ್ತು. ಇಷ್ಟು ದಿನ ಕೂತು ಯೋಚನಿ ಮಾಡಿದ ಮ್ಯಾಲ ತಿಳೀತು."

ಮಿಲಿಂದ ಅಪ್ಪನನ್ನು ತಬ್ಬಿಕೊಂಡ. ಇಬ್ಬರೂ ಮಕ್ಕಳಂತೆ ಬಿಕ್ಕಿ ಬಿಕ್ಕಿ ಅತ್ತರು...

"ಸಾಕು ಬರ್ರಿ ಇಬ್ರೂ! ಮನ್ಯಾಗ ಹೋಳಿಗಿ ಆರಿ ಹೋಗ್ಲತ್ತಾವ" ಎಂದು ಸುತ್ತ ಸೇರಿದ್ದ ಊರ ಜನರ ನಡುವಿನಿಂದ ಅವ್ವ ಗದರಿದಳು. ಅವಳ ಕಣ್ಣಲ್ಲೂ ನೀರು, ತುಟಿಯಲ್ಲಿ ನಗು.

ಊರಿಗೆ ಊರೇ ನಕ್ಕಿತು. ಬ್ಯಾಂಡ್ ಮತ್ತೆ ಶುರುವಾಯಿತು. ಈ ಸಲ ಅಪ್ಪ, ಮಗ, ಅವ್ವ, ಮೂವರೂ ಕುಣಿದರು!

ಇಂದು ಮಿಲಿಂದ ತಾಲೂಕು ಆಸ್ಪತ್ರೆಯ ಆಂಬ್ಯುಲೆನ್ಸ್ ಓಡಿಸುತ್ತಾನೆ. ಹೋದ ವಾರ ದಾರಿಯಲ್ಲೇ ಹೆರಿಗೆಯಾದ ಒಬ್ಬ ತಾಯಿ, ತನ್ನ ಕೂಸಿಗೆ ಅವನ ಹೆಸರನ್ನೇ ಇಟ್ಟಿದ್ದಾಳಂತೆ...

*ಹೆದರಿ ಬಂದೂಕು ಇಳಿಸುವುದು ಬೇರೆ... ಯಾರಿಗೂ ಹೆದರದೆ ಇಳಿಸುವುದು ಬೇರೆ.*

ನಿಮ್ಮ ಮನಸ್ಸು ಎಷ್ಟೋ ದಿನದಿಂದ ಹೇಳುತ್ತಿದ್ದರೂ ನೀವು ಬಾಯಿಬಿಟ್ಟು ಹೇಳದೇ ಉಳಿದ ಆ ಒಂದು ಮಾತು ಯಾವುದು?